ಮರ ಬೆಳೆದಿದೆ, ಚೇಗು ಕಟ್ಟಿದೆಯೇ?

ಎಕರೆಗೆ ನಾನೂರು ಗಿಡ, ಹದಿನೈದು ವರ್ಷ, ಇಷ್ಟು ಕೋಟಿ. ಶ್ರೀಗಂಧದ ಸಸಿ ಮಾರುವವರ ಕರಪತ್ರಗಳಲ್ಲಿ ಈ ಮೂರು ಸಂಖ್ಯೆಗಳು ತಪ್ಪದೆ ಇರುತ್ತವೆ. ಕೆಳಗೆ ಮೊಬೈಲ್ ನಂಬರು, ಪಕ್ಕದಲ್ಲಿ ಹಸಿರು ಟೋಪಿ ಹಾಕಿಕೊಂಡು ನಗುತ್ತಿರುವ ರೈತನ ಚಿತ್ರ. ನಾಲ್ಕನೆಯದೊಂದು ಸಂಖ್ಯೆ ಇರಬೇಕಿತ್ತು. ಮರವೊಂದಕ್ಕೆ ಚೇಗು ಎಷ್ಟು ಕಿಲೋ ಅನ್ನುವುದು. ಅದನ್ನು ಬರೆದ ಕರಪತ್ರ ನನ್ನ ಕಣ್ಣಿಗೆ ಬಿದ್ದಿಲ್ಲ. ಬರೆದರೆ ಉಳಿದ ಮೂರು ಸಂಖ್ಯೆಗಳ ಬಣ್ಣ ಮಾಸುತ್ತದೆ, ಅದಕ್ಕೇ ಬರೆಯುವುದಿಲ್ಲ ಎಂಬುದು ನನ್ನ ಅನುಮಾನ.

ನನ್ನ ಕೆಲಸದ ಬದುಕೆಲ್ಲ ಕಳೆದದ್ದು ಮಲೆನಾಡಿನ ಒಂದು ಶ್ರೀಗಂಧದ ಕೋಠಿಯಲ್ಲಿ. ಕೋಠಿ ಅಂದರೆ ಅರಣ್ಯ ಇಲಾಖೆಯ ಗಂಧದ ಉಗ್ರಾಣ. ಕಾಡಿನಿಂದ ಬಂದ ಮರವನ್ನು ತೂಗಿ, ಬಾಚಿಯಿಂದ ಕೆತ್ತಿ, ಮತ್ತೆ ತೂಗಿ, ದರ್ಜೆ ಕಟ್ಟಿ, ಹರಾಜಿಗೆ ಇಡುವ ಜಾಗ. ಎರಡು ಸಲ ತೂಗುತ್ತಿದ್ದೆವು ಅನ್ನುವುದನ್ನು ಗಮನಿಸಿ. ಮೊದಲನೆಯ ತೂಕ ಮರದ್ದು, ಎರಡನೆಯದು ಚೇಗಿನದು. ಹೊಸಬರು ಕೆಲಸಕ್ಕೆ ಸೇರಿದಾಗ ಈ ಎರಡು ತೂಕಗಳ ನಡುವಿನ ಅಂತರ ನೋಡಿ, ಯಾರೋ ಮಾಲು ಕದ್ದಿದ್ದಾರೆ ಎಂದೇ ಗಾಬರಿಯಾಗುತ್ತಿದ್ದರು. ಕದ್ದವರು ಯಾರೂ ಇಲ್ಲ. ಅಂತರವೆಲ್ಲ ಬಾಚಿಯ ಕೆಳಗೆ ಬಿಳಿ ಚಕ್ಕೆಯಾಗಿ ಗುಡ್ಡೆ ಬಿದ್ದಿರುತ್ತಿತ್ತು.

ಚೇಗು ಎಂದರೆ ಮರದ ನಡುವಿನ ಬಣ್ಣ ಕಟ್ಟಿದ, ಗಟ್ಟಿಯಾದ ಭಾಗ. ಕೆಲವು ಕಡೆ ಕೆಚ್ಚು ಅನ್ನುತ್ತಾರೆ. ಕಾಲೇಜಿನ ಸಸ್ಯಶಾಸ್ತ್ರದ ಹುಡುಗರು ಹಾರ್ಟ್‌ವುಡ್ ಎಂದು ಕಲಿಯುತ್ತಾರೆ, ಈಗ ರೈತರ ವಾಟ್ಸ್‌ಆ್ಯಪ್ ಗುಂಪುಗಳಲ್ಲೂ ಅದೇ ಓಡಾಡುತ್ತಿದೆ. ಹೆಸರು ಯಾವುದಾದರೂ ನನ್ನ ತಕರಾರಿಲ್ಲ. ತಕರಾರು ಇರುವುದು ಅದರ ಅರ್ಥ ಎಲ್ಲೋ ದಾರಿಯಲ್ಲಿ ಬಿದ್ದುಹೋಗಿರುವುದರ ಬಗ್ಗೆ. ಮರ ಬೆಳೆಯುತ್ತಾ ಬೆಳೆಯುತ್ತಾ ಒಳಗಿನ ಚೇಗೂ ಜೊತೆಜೊತೆಗೆ ದಪ್ಪವಾಗುತ್ತದೆ, ಗೊಬ್ಬರ ನೀರು ಚೆನ್ನಾಗಿ ಕೊಟ್ಟರೆ ಬೇಗ ದಪ್ಪವಾಗುತ್ತದೆ ಎಂದು ಬಹಳ ಮಂದಿ ತಿಳಿದಿದ್ದಾರೆ. ಚೇಗು ಬೆಳೆಯುವುದಿಲ್ಲ. ಬೆಳೆದದ್ದು ಸತ್ತು ಚೇಗಾಗುತ್ತದೆ.

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಮರದ ತೊಗಟೆಗೂ ಕಟ್ಟಿಗೆಗೂ ನಡುವೆ ಕಣ್ಣಿಗೆ ಸರಿಯಾಗಿ ಕಾಣದಷ್ಟು ತೆಳುವಾದ ಒಂದು ಪದರ ಇದೆ, ಕ್ಯಾಂಬಿಯಂ. ಮರ ದಪ್ಪವಾಗುವುದೆಲ್ಲ ಅಲ್ಲಿಂದ. ಅದು ಒಳಮುಖವಾಗಿ ಹೊಸ ಕಟ್ಟಿಗೆಯನ್ನು ಹಾಕುತ್ತಾ ಹೋಗುತ್ತದೆ. ಈ ಹೊಸ ಕಟ್ಟಿಗೆ ಬಿಳಿ. ಬೇರಿನಿಂದ ನೀರು ಮೇಲೇರುವುದು ಇದರ ನಾಳಗಳಲ್ಲಿ. ನಾಳಗಳ ನಡುವೆ ಜೀವಂತ ಕೋಶಗಳೂ ಇರುತ್ತವೆ, ಅವು ಪಿಷ್ಟವನ್ನು ಕೂಡಿಡುತ್ತವೆ. ವರ್ಷಗಳು ಕಳೆದಂತೆ ಒಳಗಿನ ಹಳೆಯ ಸುತ್ತುಗಳಿಗೆ ನೀರು ಸಾಗಿಸುವ ಕೆಲಸ ತಪ್ಪುತ್ತದೆ. ಅಲ್ಲಿಯ ಜೀವಂತ ಕೋಶಗಳು ಸಾಯುತ್ತವೆ. ಆದರೆ ಸುಮ್ಮನೆ ಸಾಯುವುದಿಲ್ಲ. ಕೂಡಿಟ್ಟದ್ದನ್ನೆಲ್ಲ ಕರಗಿಸಿ ಬಣ್ಣ, ಅಂಟು, ಎಣ್ಣೆಗಳನ್ನು ತಯಾರಿಸಿ ಸುತ್ತಲ ಗೋಡೆಗಳಿಗೆ, ನಾಳಗಳಿಗೆ ತುಂಬಿ ಸಾಯುತ್ತವೆ. ಆ ತುಂಬಿದ ಭಾಗವೇ ಚೇಗು. ತೇಗದಲ್ಲಿ ಅದು ಹೊಂಬಣ್ಣದ ಕಂದು, ಹಲಸಿನಲ್ಲಿ ಹಳದಿ, ರಕ್ತಚಂದನದಲ್ಲಿ ಕೆಂಪು, ಕರಿಮರದಲ್ಲಿ ಕಾಡಿಗೆಗಪ್ಪು. ಶ್ರೀಗಂಧದಲ್ಲಿ ಬಣ್ಣಕ್ಕಿಂತ ಹೆಚ್ಚಾಗಿ ಎಣ್ಣೆ. ಅದರಲ್ಲಿ ಬಹುಪಾಲು ಆಲ್ಫಾ ಮತ್ತು ಬೀಟಾ ಸ್ಯಾಂಟಲಾಲ್ ಎಂಬ ಎರಡು ವಸ್ತುಗಳು. ನಾವು ಪರಿಮಳ ಅನ್ನುವುದು ಇವನ್ನೇ.

ಹಾಲು ಹೆಚ್ಚು ಕರೆದ ಮಾತ್ರಕ್ಕೆ ಮೊಸರಾಗುವುದಿಲ್ಲ, ಹೆಪ್ಪು ಕೂರಬೇಕು. ಶ್ರೀಗಂಧಕ್ಕೆ ಆ ಹೆಪ್ಪು ಯಾವಾಗ ಕೂರುತ್ತದೆ ಎಂಬುದು ಗಿಡದಿಂದ ಗಿಡಕ್ಕೆ ಬೇರೆ. ಸಾಮಾನ್ಯವಾಗಿ ಹತ್ತು ವರ್ಷದ ಆಸುಪಾಸಿನಲ್ಲಿ ಶುರು ಎನ್ನುತ್ತಾರೆ. ಕೆಲವಕ್ಕೆ ಅದಕ್ಕೂ ಮೊದಲು, ಕೆಲವಕ್ಕೆ ಎಷ್ಟೋ ವರ್ಷ ಇಲ್ಲವೇ ಇಲ್ಲ. ಒಂದೇ ಸಾಲಿನಲ್ಲಿ, ಒಂದೇ ದಿನ ನೆಟ್ಟ, ಒಂದೇ ದಪ್ಪದ ಎರಡು ಮರಗಳನ್ನು ಕಡಿದರೆ ಒಂದರಲ್ಲಿ ಅಂಗೈಯಗಲ ಕಂದು ಚೇಗು, ಇನ್ನೊಂದರಲ್ಲಿ ಪೆನ್ಸಿಲ್ಲಿನಷ್ಟು ಗೆರೆ. ಕಲ್ಲುಗುಡ್ಡದ ಬಡ ನೆಲದಲ್ಲಿ ಕಷ್ಟಪಟ್ಟು ಬೆಳೆದ ಮರದಲ್ಲಿ ಚೇಗು ಚೆನ್ನಾಗಿರುತ್ತದೆ ಎಂದು ಕೋಠಿಯ ಹಳಬರು ಆಣೆ ಮಾಡಿ ಹೇಳುತ್ತಿದ್ದರು. ಕಾರಣ ಏನೆಂಬ ಬಗ್ಗೆ ವಿಜ್ಞಾನಿಗಳ ವಾದ ಇನ್ನೂ ಮುಗಿದಿಲ್ಲ. ಹಳಬರ ಮಾತು ಸುಳ್ಳು ಎನ್ನಿಸುವಂಥ ಮಾಲಂತೂ ನನ್ನ ಕಣ್ಣಮುಂದೆ ಹೆಚ್ಚು ಬಂದಿಲ್ಲ.

ಈಗ ಲೆಕ್ಕಕ್ಕೆ ಬರೋಣ. ಶಿರಾ ಕಡೆಯ ಒಬ್ಬ ಹುಡುಗ ಯಾರದೋ ಮೂಲಕ ನನ್ನ ವಿಳಾಸ ಹಿಡಿದು ಮನೆಗೆ ಬಂದ. ಇಂಜಿನಿಯರಿಂಗ್ ಓದಿದವನು. ಅಪ್ಪ ನೆಟ್ಟ ಗಂಧ, ಈಗ ಇವನು ನೋಡಿಕೊಳ್ಳುತ್ತಿದ್ದಾನೆ.

"ಸಾರ್, ಎದೆಮಟ್ಟದಲ್ಲಿ ಸುತ್ತಳತೆ ಹತ್ತೊಂಬತ್ತು ಇಂಚು ಬಂದಿದೆ. ಮರಕ್ಕೆ ಎಷ್ಟು ಕೆಜಿ ಹಿಡೀಬಹುದು?"

"ಯಾವುದು ಎಷ್ಟು ಕೆಜಿ?"

"ಗಂಧ ಸಾರ್."

"ಮರದ್ದೋ ಚೇಗಿಂದೋ ಹೇಳಪ್ಪ."

ಅವನಿಗೆ ಪ್ರಶ್ನೆಯೇ ಅರ್ಥವಾಗಲಿಲ್ಲ. ನಾನು ಅವನದೇ ಪುಸ್ತಕ ತೆಗೆದುಕೊಂಡು ಎರಡು ವೃತ್ತ ಬರೆದೆ, ಒಂದರೊಳಗೊಂದು. ಹತ್ತೊಂಬತ್ತು ಇಂಚು ಸುತ್ತಳತೆ ಅಂದರೆ ಆರು ಇಂಚು ಅಡ್ಡಳತೆ. ನಡುವೆ ಎರಡು ಇಂಚು ಚೇಗು ಇದೆ ಅಂದುಕೋ, ಪಾಲು ಎಷ್ಟು? "ಮೂರರಲ್ಲಿ ಒಂದು" ಅಂದ, ಆಮೇಲೆ ತಾನೇ ತಡೆದು, ಹಣೆ ಚಚ್ಚಿಕೊಂಡು "ಒಂಬತ್ತರಲ್ಲಿ ಒಂದು" ಅಂದ. ಇಂಜಿನಿಯರ್ ಆದದ್ದು ದಂಡವಾಗಲಿಲ್ಲ. ಅಡ್ಡಳತೆ ಮೂರನೇ ಒಂದಾದರೆ ವಿಸ್ತೀರ್ಣ ಒಂಬತ್ತನೇ ಒಂದು. ಚೇಗು ಮೂರು ಇಂಚಾದರೆ ಕಾಲುಪಾಲು. ನಾಲ್ಕು ಇಂಚಾದರೂ ಅರ್ಧ ಮುಟ್ಟುವುದಿಲ್ಲ. ಇದು ಎದೆಮಟ್ಟದ ಲೆಕ್ಕ. ಚೇಗು ಬುಡದಲ್ಲಿ ಅಗಲವಾಗಿದ್ದು ಮೇಲಕ್ಕೆ ಹೋದಂತೆ ಮೊನೆಯಾಗುತ್ತದೆ, ಎಳೆಯ ಮರದಲ್ಲಿ ಆಳೆತ್ತರ ದಾಟಿದ ಮೇಲೆ ಬರೀ ಬಿಳಿ ಇರುವುದೇ ಹೆಚ್ಚು. ಕೊಂಬೆಗಳನ್ನಂತೂ ಮರೆತುಬಿಡಿ. ಹೀಗಿರುವಾಗ ಇಡೀ ಮರದ ತೂಕವನ್ನು ಚೇಗಿನ ದರದಿಂದ ಗುಣಿಸಿ ಕೋಟಿ ತೋರಿಸುವವರನ್ನು ಏನೆಂದು ಕರೆಯಬೇಕು? ಗಣಿತ ಬಾರದವರು ಎಂದರೆ ಅವರಿಗೆ ಮರ್ಯಾದೆ ಕೊಟ್ಟ ಹಾಗಾಗುತ್ತದೆ.

ಅದೇ ಲೆಕ್ಕವನ್ನು ತಿರುಗಿಸಿ ನೋಡಿದರೆ ಇನ್ನೊಂದು ವಿಷಯ ಕಾಣುತ್ತದೆ. ಚೇಗು ಎರಡು ಇಂಚಿನಿಂದ ನಾಲ್ಕು ಇಂಚಾದರೆ ಅದು ಎರಡರಷ್ಟಲ್ಲ, ನಾಲ್ಕರಷ್ಟು. ಉದ್ದಕ್ಕೂ ಏರಿರುತ್ತದೆ, ಆದ್ದರಿಂದ ಅದಕ್ಕೂ ಮೇಲೆ. ಅಂದರೆ ಶ್ರೀಗಂಧದ ಬೆಲೆಯೆಲ್ಲ ಕೊನೆಯ ವರ್ಷಗಳಲ್ಲಿದೆ. ಕೋಠಿಯಲ್ಲಿ ಒಳ್ಳೆಯ ಮಾಲು ಎನಿಸಿಕೊಳ್ಳುತ್ತಿದ್ದದ್ದು ಮೂವತ್ತು ದಾಟಿದ ಮರಗಳು. ಹದಿನೈದಕ್ಕೆ ಕಡಿಯಿರಿ ಎನ್ನುವುದು, ಹೆಪ್ಪು ಕೂರಲು ಶುರುವಾದಾಗ ಪಾತ್ರೆ ಕವುಚಿ ಹಾಕಿ ಎಂದ ಹಾಗೆ.

"ಹಾಗಾದ್ರೆ ಡ್ರಿಪ್ ಹಾಕಿ ನೀರು ಜಾಸ್ತಿ ಕೊಡ್ಲಾ ಸಾರ್?" ಎಂದು ಕೇಳಿದ. ಕೊಡು, ಮರ ದಪ್ಪವಾಗುತ್ತದೆ, ಬಿಳಿ ದಪ್ಪವಾಗುತ್ತದೆ ಎಂದೆ. ಎಳೆಯ ಗಿಡ ಬದುಕಲು ನೀರು ಬೇಕು, ನೆರೆಯ ಗಿಡವೂ ಬೇಕು. ಗಂಧ ಅರೆ ಪರಾವಲಂಬಿ, ಅದರ ಬೇರು ಬೇರೆ ಗಿಡದ ಬೇರಿಗೆ ಅಂಟಿಕೊಂಡು ನೀರು, ಲವಣ ಹೀರುತ್ತದೆ. ಅದಕ್ಕೇ ನರ್ಸರಿಯಲ್ಲಿ ಪ್ಯಾಕೆಟ್ಟಿಗೆ ತೊಗರಿಯನ್ನೋ ಹೊನಗೊನ್ನೆಯನ್ನೋ ಜೊತೆಗೆ ಹಾಕುವುದು, ಹೊಲದಲ್ಲಿ ಸರ್ವೆ, ಹೊಂಗೆ ನೆಡುವುದು. ಇದೆಲ್ಲ ಬದುಕಿನ ಮಾತು. ಚೇಗಿನ ಮಾತೇ ಬೇರೆ. ಈ ಎರಡನ್ನೂ ಒಂದೇ ಉಸಿರಿನಲ್ಲಿ ಹೇಳುವ ತರಬೇತಿ ಶಿಬಿರಗಳಲ್ಲಿ ಕೂತು ಎದ್ದು ಬಂದಿದ್ದೇನೆ.

ಚೇಗಿನ ಅರ್ಥ ಹಿಂದಿನವರಿಗೆ ಎಷ್ಟು ಸ್ಪಷ್ಟವಾಗಿತ್ತು ಎನ್ನಲು ಒಂದು ಉದಾಹರಣೆ ಸಾಕು. 1800ರಲ್ಲಿ ಫ್ರಾನ್ಸಿಸ್ ಬುಕಾನನ್ ಮೈಸೂರು ಸೀಮೆಯಲ್ಲಿ ಸುತ್ತಿ ಬರೆದದ್ದು 1807ರಲ್ಲಿ ಅಚ್ಚಾಯಿತು. ಶ್ರೀಗಂಧದ ತುಂಡುಗಳನ್ನು ಒಣ ನೆಲದಲ್ಲಿ ಎರಡು ತಿಂಗಳು ಹೂತಿಡಬೇಕು, ಅಷ್ಟರಲ್ಲಿ ಗೆದ್ದಲು ಹೊರಗಿನ ಬಿಳಿಯನ್ನೆಲ್ಲ ತಿಂದು ಚೇಗನ್ನು ಮುಟ್ಟದೆ ಬಿಡುತ್ತದೆ ಎಂಬ ಪದ್ಧತಿಯ ವಿವರ ಅದರಲ್ಲಿದೆ. ಕೂಲಿ ಇಲ್ಲ, ಬಾಚಿ ಇಲ್ಲ. ಗೆದ್ದಲಿಗೆ ಬೇಕಾದದ್ದು ಬಿಳಿ, ಬೇಡವಾದದ್ದು ಚೇಗಿನ ಎಣ್ಣೆ. ಮರದ ಒಳರಚನೆಯನ್ನು ಇದಕ್ಕಿಂತ ಚೆನ್ನಾಗಿ ಕಲಿಸುವ ಪ್ರಯೋಗವನ್ನು ಯಾವ ಕಾಲೇಜಿನ ಪ್ರಯೋಗಶಾಲೆಯಲ್ಲೂ ನಾನು ಕಾಣೆ.

ಕೋಠಿಯ ದರ್ಜೆಗಳೂ ಅಷ್ಟೆ. ಹದಿನೆಂಟು ದರ್ಜೆಗಳಿದ್ದವು, ಹೆಸರುಗಳೆಲ್ಲ ಹಳೆಯ ವ್ಯಾಪಾರಿಗಳ ಹಿಂದೂಸ್ತಾನಿಯಲ್ಲಿ. ಮೊದಲನೆಯದು ವಿಲಾಯತ್ ಬುಧ್: ಒಂದೊಂದು ತುಂಡೂ ಒಂಬತ್ತು ಕಿಲೋಗೆ ಕಡಿಮೆಯಿಲ್ಲದ, ಟನ್ನಿಗೆ 112 ತುಂಡು ಮೀರದ, ಬಿರುಕಿಲ್ಲದ ಮಾಲು. ಆಮೇಲೆ ಚೀನಾ ಬುಧ್, ನಾಲ್ಕೂವರೆ ಕಿಲೋದ್ದು, ಟನ್ನಿಗೆ 224. ಆಮೇಲೆ ಪಂಜಂ, ಟನ್ನಿಗೆ 448. ಹೀಗೆ ಇಳಿಯುತ್ತಾ ಘೋಟ್ಲಾ, ಬೇರಿನ ಮೂರು ದರ್ಜೆ, ಜಜ್‌ಪೋಕಲ್, ಐನ್ ಬಗಾರ್. ಕೀಸುಳಿ ಹಿಡಿದಾಗ ಬೀಳುವ ಚೇಗಿನ ಹೆರೆಗೆ ಹತ್ರಿ ಚಿಲ್ಟಾ ಎಂಬ ಹೆಸರು. ಚೇಗೂ ಬಿಳಿಯೂ ಬೆರೆತ ಚಕ್ಕೆ ಮಿಲ್ವಾ ಚಿಲ್ಟಾ. ನನಗೆ ತುಂಬ ಇಷ್ಟವಾದ ದರ್ಜೆ ಈ ಮಿಲ್ವಾ. ಬೆರಕೆ ಮಾಲನ್ನು ಬೆರಕೆ ಎಂದೇ ಬರೆದು ಬೆರಕೆಯ ದರಕ್ಕೇ ಮಾರುತ್ತಿದ್ದರು. ಗರಗಸದ ಹುಡಿಯನ್ನೂ ಗುಡಿಸಿ ತೂಗಿ ಬರೆಯುತ್ತಿದ್ದೆವು. ಮರವನ್ನು ಕಡಿಯದೆ ಬೇರುಸಹಿತ ಕಿತ್ತು ತರುತ್ತಿದ್ದದ್ದೂ ಇದೇ ಕಾರಣಕ್ಕೆ, ಎಣ್ಣೆ ಎಲ್ಲಕ್ಕಿಂತ ಹೆಚ್ಚು ಇರುವುದು ಬೇರಿನ ಚೇಗಿನಲ್ಲಿ. ಕಾಡಿನಿಂದ ಬರುತ್ತಿದ್ದ ಮಾಲಿನಲ್ಲಿ ಒಣಗಿ ಸತ್ತ ಮರಗಳ ಪಾಲು ದೊಡ್ಡದು. ಮರ ಸತ್ತರೂ ಬೆಲೆ ಹೋಗುವುದಿಲ್ಲ, ಬೆಲೆಯಿದ್ದ ಭಾಗ ಮೊದಲೇ ಸತ್ತಿದ್ದಲ್ಲವೇ!

ಇವತ್ತಿನ ಮಟ್ಟಿಗೆ ಚೇಗು ಅಂದರೇನೆಂದು ಚೆನ್ನಾಗಿ ಬಲ್ಲ ಗುಂಪು ಒಂದಿದೆ. ಗಂಧಗಳ್ಳರು. ಅವರು ಸುತ್ತಳತೆ ನೋಡಿ ಮೋಸಹೋಗುವುದಿಲ್ಲ. ರಾತ್ರಿ ಬಂದು ಬುಡದಲ್ಲಿ ಬೈರಿಗೆ ಹಾಕಿ ಕೊರೆದು, ಹುಡಿಯ ಬಣ್ಣ ನೋಡಿ, ಮೂಸಿ, ಚೇಗು ಕಟ್ಟಿಲ್ಲದಿದ್ದರೆ ಬಿಟ್ಟು ಹೋಗುತ್ತಾರೆ, ಕಟ್ಟಿದ್ದರೆ ಇನ್ನೊಂದು ರಾತ್ರಿ ಗರಗಸದೊಂದಿಗೆ ಬರುತ್ತಾರೆ. ಅವರಲ್ಲೂ ಅವಸರದವರು ಇದ್ದಾರೆ. ಜಪ್ತಿ ಮಾಲೆಂದು ಗೋಣಿಚೀಲದಲ್ಲಿ ಕೋಠಿಗೆ ಬರುತ್ತಿದ್ದ ತುಂಡುಗಳಲ್ಲಿ ಎಷ್ಟೋ ಬರೀ ಬಿಳಿ. ಮಣಿಕಟ್ಟಿನಷ್ಟು ದಪ್ಪದ ಮರಿಗಳು. ಯಾರಿಗೂ ಹತ್ತು ರೂಪಾಯಿ ಸಿಗದ ಕೊಲೆ. ಅಂಥ ಚೀಲ ಬಿಚ್ಚಿದ ದಿನ ಬಾಚಿ ಹಿಡಿಯುವ ಕೆಲಸದವರೂ ಬೈದುಕೊಳ್ಳುತ್ತಿದ್ದರು.

ಮರಗೆಲಸದ ಅಂಗಡಿಗಳಲ್ಲೂ ಇದೇ ಕಥೆ, ಬೇರೆ ಬೆಲೆಯಲ್ಲಿ. ತೇಗ ಎಂದು ಬಿಲ್ಲು, ತೇಗವೇ ಹೌದು, ಆದರೆ ಎಳೆ ಮರದ ಬಿಳಿ. ಅದರ ಮೇಲೆ ಕಂದು ಪಾಲಿಶ್. ಮೂರು ಮಳೆಗಾಲ ಕಳೆಯುವಷ್ಟರಲ್ಲಿ ಚೌಕಟ್ಟಿನ ಕೆಳಗೆ ಹುಳು ಉದುರಿಸಿದ ಹಿಟ್ಟು. ನಮ್ಮ ಬೀದಿಯಲ್ಲೇ ಅಂಥ ಬಾಗಿಲುಗಳಿವೆ. ಹಳೆಯ ಆಚಾರಿಗಳು ಹಲಗೆ ಆರಿಸುವಾಗ ಬಿಳಿ ಅಂಚನ್ನು ಗುರುತು ಹಾಕಿ ಕತ್ತರಿಸಿ ಒಲೆಗೆ ಎಸೆಯುತ್ತಿದ್ದರು. ಹಾಗೆಂದು ಎಲ್ಲ ಗಿಡಕ್ಕೂ ಚೇಗನ್ನು ಹುಡುಕುತ್ತಾ ಹೋಗಬೇಡಿ. ಅಡಿಕೆಗೆ, ತೆಂಗಿಗೆ, ಬಿದಿರಿಗೆ ಈ ಕ್ಯಾಂಬಿಯಂ ವ್ಯವಹಾರವೇ ಇಲ್ಲ. ಅಡಿಕೆ ದಬ್ಬೆ ಸೀಳಿದವರಿಗೆ ಗೊತ್ತು, ಅಲ್ಲಿ ಗಟ್ಟಿ ಹೊರಗೆ, ಮೆತ್ತನೆಯದು ಒಳಗೆ.

ಗಂಧಕ್ಕೆ ಮತ್ತೆ ಬರುತ್ತೇನೆ. 1792ರಲ್ಲಿ ಟಿಪ್ಪು ಅದನ್ನು ರಾಜವೃಕ್ಷವೆಂದು ಸಾರಿದಂದಿನಿಂದ 2001ರವರೆಗೆ, ರೈತನ ಹೊಲದಲ್ಲಿ ಬೆಳೆದ ಗಂಧವೂ ಸರ್ಕಾರದ್ದೇ. ಕಾಯುವ ಜವಾಬ್ದಾರಿ ರೈತನದು, ಮರ ದೊರೆಯದು. ಹಕ್ಕಿ ಉದುರಿಸಿದ ಬೀಜ ಬದುವಿನಲ್ಲಿ ಮೊಳೆತರೆ ಎಷ್ಟೋ ಮಂದಿ ಕಿತ್ತೇ ಹಾಕುತ್ತಿದ್ದರು, ಸುಮ್ಮನೆ ತಲೆನೋವು ಯಾಕೆಂದು. 2001ರಲ್ಲಿ ಅರಣ್ಯ ಕಾಯ್ದೆಗೆ ತಿದ್ದುಪಡಿಯಾಗಿ ಜಮೀನಿನ ಒಡೆಯನೇ ಮರದ ಒಡೆಯನಾದ. ಒಳ್ಳೆಯದಾಯಿತು. ಆದರೆ ಮರದ ಹಕ್ಕು ಕೈಗೆ ಬಂದಷ್ಟು ಸುಲಭವಾಗಿ ಮರದ ತಿಳಿವಳಿಕೆ ಬರಲಿಲ್ಲ. ಇನ್ನೂರು ವರ್ಷ ಗಂಧದ ವ್ಯವಹಾರದಿಂದ ದೂರ ಇಟ್ಟ ರೈತನಿಗೆ, ಗಂಧವೆಂದರೆ ಯಾವ ಭಾಗ ಎಂದು ಹೇಳಿಕೊಡುವ ಕೆಲಸವನ್ನು ಕೋಠಿಗಳು ಮಾಡಬೇಕಿತ್ತು. ನಾವು ಮಾಡುತ್ತಿದ್ದದ್ದು ತೂಕ ಮತ್ತು ಬೀಗ. ತೆರವಾದ ಜಾಗಕ್ಕೆ ಸಸಿ ಮಾರುವವರು ಬಂದು ಕೂತರು.

ಇದು ನಮ್ಮಲ್ಲಷ್ಟೇ ಆಗುವ ಭಾನಗಡಿ ಎಂದುಕೊಳ್ಳಬೇಕಿಲ್ಲ. ಪಶ್ಚಿಮ ಆಸ್ಟ್ರೇಲಿಯಾದ ಕುನುನುರ‍್ರಾ ಎಂಬಲ್ಲಿ ನಮ್ಮದೇ ಜಾತಿಯ ಶ್ರೀಗಂಧವನ್ನು ಕಾಲುವೆ ನೀರಿನಲ್ಲಿ ಸಾವಿರಾರು ಹೆಕ್ಟೇರ್ ಬೆಳೆಸಿದರು. ಹೂಡಿಕೆದಾರರ ದುಡ್ಡಿನಲ್ಲಿ ನಡೆದ ಬಹುದೊಡ್ಡ ತೋಟ. ಲೆಕ್ಕಪತ್ರದಲ್ಲಿ ಮರಗಳ ಬೆಲೆ ಕಟ್ಟುತ್ತಿದ್ದದ್ದು ಮುಂದೆ ಇಷ್ಟು ಚೇಗು ಸಿಗುತ್ತದೆ, ಇಷ್ಟು ದರ ಇರುತ್ತದೆ ಎಂಬ ಅಂದಾಜಿನ ಮೇಲೆ. ತೋಟ ನಡೆಸುತ್ತಿದ್ದ ಕಂಪನಿ ಕ್ವಿಂಟಿಸ್ 2018ರ ಜನವರಿಯಲ್ಲಿ ಆಡಳಿತಗಾರರ ಕೈಗೆ ಹೋಯಿತು. ಕಾರಣಗಳು ಹಲವು, ಎಲ್ಲವನ್ನೂ ಚೇಗಿನ ತಲೆಗೆ ಕಟ್ಟುವುದು ಸರಿಯಲ್ಲ. ಆದರೂ ಒಳಗೆ ಇನ್ನೂ ಕಟ್ಟದ ಚೇಗನ್ನು ಇವತ್ತಿನ ಆಸ್ತಿಯೆಂದು ಬರೆದಿಡುವುದರ ಅಪಾಯ ಅಷ್ಟು ದೊಡ್ಡವರಿಗೂ ತಪ್ಪಲಿಲ್ಲ. ನಮ್ಮ ಮೂರೆಕರೆಯ ರೈತನಿಗೆ ಕಂಪನಿ ಮುಳುಗಿಸಿ ಎದ್ದು ಹೋಗುವ ಅನುಕೂಲವೂ ಇಲ್ಲ.

ಗಂಧ ನೆಡಬೇಡಿ ಎನ್ನುವುದು ನನ್ನ ವಾದವಲ್ಲ. ನೆಡಿ. ಒಣ ಬೇಸಾಯದ ಬದುವಿಗೆ ಅದಕ್ಕಿಂತ ಒಳ್ಳೆಯ ಮರ ಕಡಿಮೆ. ನಾನು ಕೇಳುವುದು ಇಷ್ಟು. ಸಸಿ ಮಾರುವವರು ಆದಾಯ ಹೇಳುವುದಾದರೆ ಮರದ ಲೆಕ್ಕದಲ್ಲಲ್ಲ, ಚೇಗಿನ ಕಿಲೋ ಲೆಕ್ಕದಲ್ಲಿ ಹೇಳಬೇಕು, ಮತ್ತು ಆ ವಯಸ್ಸಿನ ಮರಗಳನ್ನು ನಿಜವಾಗಿ ಎಲ್ಲಿ ಕಡಿದು ತೂಗಿದ್ದಾರೆ ಎಂಬ ದಾಖಲೆ ತೋರಿಸಬೇಕು. ಬ್ಯಾಂಕು ಸಾಲ ಕೊಡುವಾಗ, ವಿಮೆಯವರು ಬೆಲೆ ಕಟ್ಟುವಾಗ, ರಸ್ತೆಗೆ ಜಮೀನು ಹೋದ ರೈತನಿಗೆ ಪರಿಹಾರ ನಿಗದಿ ಮಾಡುವಾಗ ಕೆಲವು ಮಾದರಿ ಮರಗಳಿಗೆ ತೆಳುವಾದ ಕೊಳವೆ ಬೈರಿಗೆ ಹಾಕಿ ಒಳಗಿನ ಕಡ್ಡಿ ತೆಗೆದು ನೋಡಬೇಕು. ಸೀಸದ ಕಡ್ಡಿಯಷ್ಟು ದಪ್ಪ ಬರುತ್ತದೆ, ಬಿಳಿ ಎಲ್ಲಿ ಮುಗಿದು ಕಂದು ಎಲ್ಲಿ ಶುರುವಾಯಿತು ಎಂಬುದು ಅದರ ಮೇಲೇ ಕಾಣುತ್ತದೆ. ಬೆಂಗಳೂರಿನ ಮಲ್ಲೇಶ್ವರದಲ್ಲಿ ಕೇಂದ್ರ ಸರ್ಕಾರದ ಮರ ವಿಜ್ಞಾನ ಸಂಸ್ಥೆಯೇ ಇದೆ, ಇಂಥ ಕೆಲಸ ಬಲ್ಲವರಿಗೆ ಬರವಿಲ್ಲ. ರೈತ ಸಂಪರ್ಕ ಕೇಂದ್ರದ ಹುಡುಗರಿಗೆ ಹೇಳಿಕೊಟ್ಟರೆ ಅವರೂ ಮಾಡಬಲ್ಲರು. ಕೊರೆದ ತೂತನ್ನು ಮೇಣ ತುಂಬಿ ಮುಚ್ಚಿದರಾಯಿತು.

ಶಿರಾದ ಹುಡುಗ ಹೋಗುವಾಗ ಕೇಳಿದ್ದು ನ್ಯಾಯವಾದ ಪ್ರಶ್ನೆ. "ಕೊರೆದು ನೋಡಿದಾಗ ಒಳಗೆ ಏನೂ ಇಲ್ಲ ಅಂತ ಗೊತ್ತಾದ್ರೆ ಬ್ಯಾಂಕಿನವರು ಸಾಲ ಕೊಡಲ್ಲ ಅಲ್ವಾ ಸಾರ್?" ಕೊಡುವುದಿಲ್ಲ ಎಂದೆ. ಅವನ ಪಟ್ಟಿಯಲ್ಲಿ ಮರದ ನಂಬರು, ವಯಸ್ಸು, ಎತ್ತರ, ಸುತ್ತಳತೆ ಎಂದು ನಾಲ್ಕು ಕಾಲಂ ಇದ್ದವು. ಐದನೆಯದೊಂದನ್ನು ಅವನೇ ಗೆರೆ ಎಳೆದು ಹಾಕಿಕೊಂಡ, "ಚೇಗು, ಇಂಚು" ಎಂದು. ಸದ್ಯಕ್ಕೆ ಅದು ಖಾಲಿ. ಬೇಸಿಗೆ ಕಳೆದ ಮೇಲೆ ಹತ್ತು ಮರ ಕೊರೆಸಿ ಫೋನು ಮಾಡುತ್ತೇನೆ ಎಂದಿದ್ದಾನೆ.